ಬುಡಕಟ್ಟು ಪ್ರಮಾಣಪತ್ರ: ವಿಳಂಬದ ಬೆಲೆ ತೆರುವವರು ಯಾರು?

ಕೈಯಲ್ಲಿ ಪರಿಶಿಷ್ಟ ಪಂಗಡದ ಪ್ರಮಾಣಪತ್ರವಿದೆ. ಕಾಲೇಜಿನಲ್ಲಿ ಸೀಟೂ ಸಿಕ್ಕಿದೆ. ಆದರೆ ಆ ಪತ್ರ ಸಿಂಧುವೆಂದು ಪರಿಶೀಲನಾ ಸಮಿತಿ ಇನ್ನೂ ಹೇಳಿಲ್ಲ. ಪ್ರವೇಶದ ಕೊನೆಯ ದಿನವಂತೂ ಯಾರಿಗಾಗಿಯೂ ಕಾಯುವುದಿಲ್ಲ. ಇಂತಹ ಸಂಕಟಕ್ಕೆ ನ್ಯಾಯಾಲಯ ಪರಿಹಾರ ಹುಡುಕಿದ ಕತೆ ಬಹುಮಟ್ಟಿಗೆ ಮಹಾರಾಷ್ಟ್ರದ್ದು.

1950ರಲ್ಲಿ ರಾಷ್ಟ್ರಪತಿಗಳ ಆದೇಶದ ಮೂಲಕ ಬುಡಕಟ್ಟುಗಳ ಪಟ್ಟಿ ಪ್ರಕಟವಾಯಿತು. ಹಲವು ಬುಡಕಟ್ಟುಗಳಿಗೆ ಪ್ರದೇಶದ ಮಿತಿಯೂ ಇತ್ತು. 1976ರ ತಿದ್ದುಪಡಿ ಕಾಯ್ದೆ ಆ ಮಿತಿಯನ್ನು ಬಹುಪಾಲು ತೆಗೆದುಹಾಕಿತು. ಪಟ್ಟಿಯಲ್ಲಿದ್ದ ಹೆಸರುಗಳನ್ನು ಹೋಲುವ ಸಮುದಾಯಗಳಿಂದಲೂ ಅರ್ಜಿಗಳು ಬಂದವು. ನಿಜ ಯಾವುದು, ಸುಳ್ಳು ಯಾವುದು ಎಂದು ನೋಡಲು ತನಿಖೆ ಅನಿವಾರ್ಯವಾಯಿತು. ತನಿಖೆಯ ಬೆನ್ನಿಗೇ ವಿಳಂಬವೂ ಬಂತು.

1994ರ ಸೆಪ್ಟೆಂಬರ್ 2ರಂದು ಸುಪ್ರೀಂ ಕೋರ್ಟ್ ಇಬ್ಬರು ಸೋದರಿಯರ ಪ್ರಕರಣದಲ್ಲಿ ತೀರ್ಪಿತ್ತಿತು. ತಾವು ಮಹಾದೇವ ಕೋಳಿಗಳೆಂಬ ಅವರ ವಾದವನ್ನು ಅದು ಒಪ್ಪಲಿಲ್ಲ. ಆದರೆ ಅಲ್ಲಿಗೇ ನಿಲ್ಲದೆ, ಎಲ್ಲ ರಾಜ್ಯಗಳಿಗಾಗಿ 15 ನಿರ್ದೇಶನಗಳನ್ನು ನೀಡಿತು. ಅಧಿಕಾರಿಗಳ ಸಮಿತಿ, ಅದಕ್ಕೊಂದು ವಿಜಿಲೆನ್ಸ್ ಘಟಕ. ಸಾಧ್ಯವಾದಷ್ಟೂ ದಿನನಿತ್ಯ ವಿಚಾರಣೆ, ಎರಡು ತಿಂಗಳೊಳಗೆ ಮುಕ್ತಾಯ. ಸಮಿತಿಯ ತೀರ್ಮಾನವೇ ಅಂತಿಮ. ಅದನ್ನು ಪ್ರಶ್ನಿಸಲು 226ನೇ ವಿಧಿಯಡಿ ಹೈಕೋರ್ಟಿನ ಬಾಗಿಲು ಮಾತ್ರ ತೆರೆದಿತ್ತು. ವಿಚಾರಣೆ ತಡವಾಗಿ ಪ್ರವೇಶದ ಗಡುವು ಮೀರುವಂತಿದ್ದರೆ, ಇರುವ ಪ್ರಮಾಣಪತ್ರ ಅಥವಾ ಅಫಿಡವಿಟ್ ಆಧಾರದ ಮೇಲೆ ತಾತ್ಕಾಲಿಕ ಪ್ರವೇಶ ಕೊಡಬೇಕೆಂದೂ ಕೋರ್ಟ್ ಹೇಳಿತು.

ಸಮಿತಿಯೇ ಸುಮ್ಮನೆ ಕುಳಿತರೆ? ಆಗ ಪರಮಾದೇಶ ರಿಟ್ ಇದೆ. ಸಾಮಾನ್ಯವಾಗಿ ಹೈಕೋರ್ಟ್ ತಾನೇ ಕುಲ ನಿರ್ಣಯಿಸುವುದಿಲ್ಲ. ಇಂತಿಷ್ಟು ದಿನದೊಳಗೆ ತೀರ್ಮಾನಿಸಿ ಎಂದು ಸಮಿತಿಗೆ ಆದೇಶಿಸಬಹುದು.

ಆದರೆ ತಾತ್ಕಾಲಿಕ ಪ್ರವೇಶವೆಂದರೆ ತಲೆಯ ಮೇಲೆ ತೂಗುವ ಕತ್ತಿ. 1985-86ರಲ್ಲಿ ಹಲಬ ಎಂಬ ಹೆಸರಿನಲ್ಲಿ ವೈದ್ಯಕೀಯಕ್ಕೆ ಸೇರಿದವರೊಬ್ಬರ ಪ್ರಕರಣ ಮುಗಿದದ್ದು 2000ದ ನವೆಂಬರಿನಲ್ಲಿ. ಹಲಬ-ಕೋಷ್ಟಿ ಪಟ್ಟಿಯಲ್ಲಿಲ್ಲ, ಪಟ್ಟಿಯನ್ನು ಇದ್ದಂತೆಯೇ ಓದಬೇಕು ಎಂದಿತು ಸಂವಿಧಾನ ಪೀಠ. ಆದರೂ ಕಳೆದ ಕಾಲವನ್ನು ನೋಡಿ ಅವರ ಪದವಿಯನ್ನು ಉಳಿಸಿತು. ಮಹಾರಾಷ್ಟ್ರದ ಕಾಯ್ದೆ 2001ರಲ್ಲಿ ಜಾರಿಗೆ ಬಂತು. ಅದರಡಿ ಪ್ರಮಾಣಪತ್ರ ರದ್ದಾದರೆ ಪಡೆದ ಸೌಲಭ್ಯವೂ ಹೋಗಬೇಕೆಂದು 2017ರಲ್ಲಿ ಸುಪ್ರೀಂ ಕೋರ್ಟ್ ಕಟ್ಟುನಿಟ್ಟಾಗಿ ಹೇಳಿತು.

2023ರ ಮಾರ್ಚ್ 24ರ ತೀರ್ಪು ಇನ್ನೊಂದು ಗಂಟನ್ನು ಬಿಡಿಸಿತು. ದಾಖಲೆಗಳು ಸಮಿತಿಗೆ ಮನವರಿಕೆಯಾದರೆ ಪ್ರತಿಯೊಂದು ಅರ್ಜಿಯನ್ನೂ ವಿಜಿಲೆನ್ಸ್ ಘಟಕಕ್ಕೆ ಕಳುಹಿಸಬೇಕಿಲ್ಲ. ಆಚಾರ-ವಿಚಾರಗಳ ಹೋಲಿಕೆಯೊಂದೇ ಅಂತಿಮ ಒರೆಗಲ್ಲೂ ಅಲ್ಲ.

ವಿಳಂಬದಿಂದ ಲಾಭ ಯಾರಿಗೆ? ಸುಳ್ಳು ಹೇಳಿದವನಿಗೆ. ತನಿಖೆ ಎಳೆದಷ್ಟೂ ಅವನ ಓದು ಮುಗಿಯುತ್ತದೆ, ನೌಕರಿ ಗಟ್ಟಿಯಾಗುತ್ತದೆ. ಅವನು ಕಿತ್ತುಕೊಂಡ ಸೀಟು ಕಾಡಂಚಿನ ಹಳ್ಳಿಯ ಹುಡುಗಿಗೆ ಮರಳಿ ಸಿಗುವುದಿಲ್ಲ. ನಿಜ ಹೇಳಿದವಳು ಮಾತ್ರ ಕಚೇರಿಯಿಂದ ಕಚೇರಿಗೆ ಅಲೆಯುತ್ತಾಳೆ. ವಕೀಲರ ಶುಲ್ಕ ತೆರಲಾಗದವರಿಗೆ ರಿಟ್ ಕೂಡ ದೂರದ ಮಾತೇ. ಜಾತಿ ಪರಿಶೀಲನಾ ಸಮಿತಿಗಳು ನಮ್ಮ ರಾಜ್ಯದಲ್ಲೂ ಇವೆ. ಎರಡು ತಿಂಗಳೆಂಬ ಆ ಹಳೆಯ ಮಾತನ್ನು ಕಚೇರಿಗಳೇ ಉಳಿಸಿಕೊಂಡರೆ, ಬಡವರು ಕೋರ್ಟಿನ ಮೆಟ್ಟಿಲು ಹತ್ತುವ ಪ್ರಸಂಗವೇ ಬಾರದು.