ನಿಘಂಟಿನ ಹೊಸ್ತಿಲಲ್ಲಿ ನಿಂತ ಮಾತುಗಳು

‘ಫನ್’ ಎಂಬ ಇಂಗ್ಲಿಷ್ ಪದ ನಿಮಗೆಲ್ಲ ಗೊತ್ತು. ತಮಾಷೆ, ಮೋಜು ಎಂದು ಅದರ ಅರ್ಥ. ಉತ್ತರಪತ್ರಿಕೆಯಲ್ಲಿ ನೀವು ಅದನ್ನು ಬರೆದರೆ ಯಾವ ಮೇಷ್ಟ್ರೂ ಕೆಂಪು ಶಾಯಿಯ ಗೆರೆ ಎಳೆಯಲಾರರು. ಆದರೆ 1755ರಲ್ಲಿ ಲಂಡನ್ನಿನಲ್ಲಿ ಪ್ರಕಟವಾದ ಸ್ಯಾಮ್ಯುಯೆಲ್ ಜಾನ್ಸನ್ನನ ನಿಘಂಟನ್ನು ತೆರೆದು ನೋಡಿ. ಇದೇ ಪದದ ಎದುರಿಗೆ, ಇದೊಂದು ಕೀಳು ಮಾತು ಎಂಬ ಷರಾ ಇದೆ! ನಿನ್ನೆಯ ಕೀಳು ಮಾತು ಇಂದಿನ ಮರ್ಯಾದೆಯ ಮಾತಾದದ್ದು ಹೇಗೆ? ಈ ಪ್ರಶ್ನೆಯ ಬೆನ್ನು ಹತ್ತಿ ಸ್ವಲ್ಪ ದೂರ ಹೋಗೋಣ.

ಬೀದಿಯಲ್ಲಿ, ಹಡಗುಕಟ್ಟೆಯಲ್ಲಿ, ಸೈನಿಕರ ಬಿಡಾರದಲ್ಲಿ ಹುಟ್ಟುವ ಮಾತುಗಳನ್ನು ಇಂಗ್ಲಿಷಿನಲ್ಲಿ ‘ಸ್ಲ್ಯಾಂಗ್’ ಎನ್ನುತ್ತಾರೆ. 18ನೆಯ ಶತಮಾನದ ಇಂಗ್ಲೆಂಡಿನ ಪಂಡಿತರಿಗೆ ಇಂಥ ಮಾತುಗಳೆಂದರೆ ಆಗುತ್ತಿರಲಿಲ್ಲ. ಚಂಚಲವಾದ ಜನಜಂಗುಳಿ ಎಂಬರ್ಥದ ‘ಮೊಬಿಲೆ ವುಲ್ಗುಸ್’ ಎಂಬ ಲ್ಯಾಟಿನ್ ನುಡಿಯನ್ನು ಜನ ಮೊಟಕುಗೊಳಿಸಿ ‘ಮಾಬ್’ ಎಂದಾಗ, ಖ್ಯಾತ ಲೇಖಕ ಜೋನಾಥನ್ ಸ್ವಿಫ್ಟ್ 1710ರಲ್ಲಿ ಅದನ್ನು ಖಂಡಿಸಿ ಬರೆದ. ಆದರೆ ಜನ ಆತನ ಮಾತು ಕೇಳಲಿಲ್ಲ. ಲ್ಯಾಟಿನ್ ನುಡಿ ಮರೆಯಾಯಿತು, ‘ಮಾಬ್’ ಉಳಿಯಿತು. ಜಾನ್ಸನ್ನನ ನಿಘಂಟಿನಲ್ಲೂ ಅದಕ್ಕೆ ಸ್ಥಾನ ಸಿಕ್ಕಿತು.

ಜಾನ್ಸನ್ ಕೆಲವೇ ಮಂದಿ ಸಹಾಯಕರೊಡನೆ ಸುಮಾರು 9 ವರ್ಷ ದುಡಿದು 42 ಸಾವಿರಕ್ಕೂ ಹೆಚ್ಚು ಪದಗಳಿಗೆ ಅರ್ಥ ಬರೆದ. ಭಾಷೆಯನ್ನು ಕದಲದಂತೆ ನಿಲ್ಲಿಸಬಹುದೆಂಬ ಆಸೆಯಿಂದ ಹೊರಟವನು, ಅದು ಯಾರಿಂದಲೂ ಆಗದ ಕೆಲಸವೆಂದು ಕೊನೆಗೆ ತನ್ನ ಮುನ್ನುಡಿಯಲ್ಲೇ ಒಪ್ಪಿಕೊಂಡ. ಅವನು ಹೊರಗೆ ಬಿಟ್ಟ ಮಾತುಗಳನ್ನು ಆರಿಸಿಕೊಂಡವನು ಫ್ರಾನ್ಸಿಸ್ ಗ್ರೋಸ್. ಸೈನ್ಯದಲ್ಲಿ ಸೇವೆ ಸಲ್ಲಿಸಿದ್ದ ಈತ ಸೈನಿಕರು, ನಾವಿಕರು, ಕಳ್ಳಕಾಕರು ಆಡುವ ಮಾತುಗಳನ್ನು ಸಂಗ್ರಹಿಸಿ 1785ರಲ್ಲಿ ಅವಕ್ಕೆಂದೇ ಒಂದು ಪ್ರತ್ಯೇಕ ನಿಘಂಟು ಹೊರತಂದ.

ಪದಗಳ ಅರ್ಥವೂ ಹೀಗೆಯೇ ನಡೆಯುತ್ತಿರುತ್ತದೆ. ‘ಕಿಡ್’ ಎಂದರೆ ಮೂಲತಃ ಆಡಿನ ಮರಿ. ಮಗು ಎಂಬ ಅರ್ಥ ಮೊದಲು ಬೀದಿಮಾತಿನಲ್ಲಿ ಬಂದು, ಆಮೇಲೆ ಮನೆಮಾತಾಯಿತು. ನಾವು ಹೊಗಳಲು ಬಳಸುವ ‘ನೈಸ್’ ಪದಕ್ಕೆ ಮಧ್ಯಯುಗದಲ್ಲಿ ದಡ್ಡ ಎಂಬ ಅರ್ಥವಿತ್ತು. ಅರಿಯದವನು ಎಂಬರ್ಥದ ಲ್ಯಾಟಿನ್ ಪದವೇ ಅದರ ಮೂಲ. ‘ಸಿಲ್ಲಿ’ಯದು ಇದಕ್ಕೆ ತದ್ವಿರುದ್ಧವಾದ ಕಥೆ. ಒಂದು ಕಾಲಕ್ಕೆ ಧನ್ಯ ಎಂದಿದ್ದುದು, ಪಾಪ ಏನೂ ಅರಿಯದವನು ಎಂದಾಗಿ, ಕೊನೆಗೆ ಪೆದ್ದ ಎಂದಾಯಿತು. ನಮ್ಮಲ್ಲೂ ನೋಡಿ, ‘ಮುಗ್ಧ’ ಎಂಬ ಸಂಸ್ಕೃತ ಪದಕ್ಕೆ ಮಂಕಾದವನು, ಮೂಢ ಎಂಬ ಅರ್ಥವುಂಟು. ಇಂದು ಕನ್ನಡದಲ್ಲಿ ಮುಗ್ಧ ಮಗು ಎಂದರೆ ಅದು ಪ್ರೀತಿಯ ಮಾತು.

ಇನ್ನು ‘ಓಕೆ’. 1839ರಲ್ಲಿ ಅಮೆರಿಕದ ಬಾಸ್ಟನ್ ನಗರದ ಪತ್ರಿಕೆಯೊಂದು ‘ಆಲ್ ಕರೆಕ್ಟ್’ ಎಂಬುದನ್ನು ಬೇಕೆಂದೇ ತಪ್ಪು ಕಾಗುಣಿತದಲ್ಲಿ ಬರೆದು, ಅದರ ಮೊದಲಕ್ಷರಗಳನ್ನು ತಮಾಷೆಗೆಂದು ಅಚ್ಚು ಹಾಕಿತು. ಮರುವರ್ಷದ ಅಧ್ಯಕ್ಷೀಯ ಚುನಾವಣೆಯಲ್ಲಿ ಮಾರ್ಟಿನ್ ವ್ಯಾನ್ ಬ್ಯೂರನ್ ಅವರ ಬೆಂಬಲಿಗರು ಅದನ್ನೇ ಘೋಷಣೆ ಮಾಡಿಕೊಂಡರು. ವ್ಯಾನ್ ಬ್ಯೂರನ್ ಸೋತರು, ‘ಓಕೆ’ ಗೆದ್ದಿತು.

1857ರಲ್ಲಿ ಲಂಡನ್ನಿನ ಫಿಲಲಾಜಿಕಲ್ ಸೊಸೈಟಿಯಲ್ಲಿ ಒಂದು ಹೊಸ ವಿಚಾರ ಹುಟ್ಟಿತು. ನಿಘಂಟುಕಾರ ನ್ಯಾಯಾಧೀಶನಾಗಬಾರದು, ಪ್ರತಿಯೊಂದು ಪದದ ಚರಿತ್ರೆ ಬರೆಯುವವನಾಗಬೇಕು ಎಂಬುದೇ ಅದು. ಅದರ ಫಲವೇ ಆಕ್ಸ್‌ಫರ್ಡ್ ಇಂಗ್ಲಿಷ್ ನಿಘಂಟು. ಸಾಮಾನ್ಯ ಓದುಗರು ಚೀಟಿಗಳಲ್ಲಿ ವಾಕ್ಯಗಳನ್ನು ಬರೆದು ಸಂಪಾದಕ ಜೇಮ್ಸ್ ಮರ್ರೆಯವರಿಗೆ ಅಂಚೆಯಲ್ಲಿ ಕಳುಹಿಸಿದರು. 1884ರಲ್ಲಿ ಮೊದಲ ಕಂತು ಹೊರಬಂದು, 1928ರಲ್ಲಿ ಕೆಲಸ ಮುಗಿಯಿತು. ಅದನ್ನು ನೋಡಲು ಮರ್ರೆ ಇರಲಿಲ್ಲ. ಅವರು 1915ರಲ್ಲೇ ತೀರಿಕೊಂಡಿದ್ದರು. ನಮ್ಮ ಕನ್ನಡ ಸಾಹಿತ್ಯ ಪರಿಷತ್ತಿನ 8 ಸಂಪುಟಗಳ ನಿಘಂಟೂ ಶಾಸನ, ಕಾವ್ಯಗಳ ಪ್ರಯೋಗಗಳನ್ನು ಕೊಟ್ಟು ಪದಗಳ ಚರಿತ್ರೆ ಹೇಳುತ್ತದೆ.

ಆದರೂ ಜಗಳ ನಿಲ್ಲಲಿಲ್ಲ. 1961ರಲ್ಲಿ ಅಮೆರಿಕದ ವೆಬ್‌ಸ್ಟರ್ ನಿಘಂಟಿನ ಮೂರನೆಯ ಆವೃತ್ತಿಯು ‘ಈಸ್ ನಾಟ್’ ಎನ್ನುವಲ್ಲಿ ಜನ ಆಡುವ ‘ಏನ್ಟ್’ ಪದವನ್ನು ಅನೇಕರು ಒಪ್ಪದಿದ್ದರೂ ಓದುಬರಹ ಬಲ್ಲ ಎಷ್ಟೋ ಮಂದಿಯೂ ಆಡುತ್ತಾರೆ ಎಂದು ದಾಖಲಿಸಿತು. ಪತ್ರಿಕೆಗಳು ಕೆಂಡಕಾರಿದವು. ಸಂಪಾದಕ ಫಿಲಿಪ್ ಗೋವ್ ಮಾಡಿದ್ದು ಇಷ್ಟೇ: ಜನ ಏನು ಆಡುತ್ತಾರೋ ಅದನ್ನು ಬರೆದಿಟ್ಟದ್ದು.

ಈ ಚರಿತ್ರೆ ನಿಮಗೇಕೆ ಬೇಕು? ಪದದ ಮೇಲೆ ಅಂಟಿಸಿದ ‘ಕೀಳು’ ಎಂಬ ಚೀಟಿ ಬಹಳ ಸಲ ಆ ಪದವನ್ನು ಆಡುವವರ ಮೇಲೂ ಅಂಟಿಕೊಳ್ಳುತ್ತದೆ. ಹಳ್ಳಿಯಿಂದ ಬಂದ ಗೆಳೆಯನ ಮಾತು ಕೇಳಿ ಹಾಸ್ಟೆಲಿನಲ್ಲಿ ನಕ್ಕವರು ಮಾಡುವುದೂ ಅದನ್ನೇ. ಸಂದರ್ಭವರಿತು ಮಾತಾಡುವುದು ಬೇಕು, ನಿಜ. ಪರೀಕ್ಷೆಯ ಭಾಷೆ ಬೇರೆ, ಆಟದ ಬಯಲಿನ ಭಾಷೆ ಬೇರೆ. ಆದರೆ ಒಂದು ಮಾತು ಇಂದು ನಿಘಂಟಿನ ಹೊಸ್ತಿಲಾಚೆ ನಿಂತಿದೆ ಎಂದ ಮಾತ್ರಕ್ಕೆ ಅದನ್ನು ಆಡುವವನು ಕೀಳಾಗುವುದಿಲ್ಲ. ಮುಂದಿನ ಸಲ ನಗು ಬಂದಾಗ ‘ಫನ್’ ಪದವನ್ನು ನೆನಪಿಸಿಕೊಳ್ಳಿ.