ಕಣ್ಣು ಹೋದರೆ ಕಿವಿ ತಾನಾಗಿಯೇ ಚುರುಕಾಗುತ್ತದೆಯೇ?

ಕೊಪ್ಪಳ ಸಮೀಪದ ಕಿನ್ನಾಳದ ಮರದ ಗೊಂಬೆಯೊಂದನ್ನು ಕಣ್ಣು ಮುಚ್ಚಿ ಕೈಗೆತ್ತಿಕೊಂಡರೆ ಮರ ಹಗುರ ಎಂಬುದು ಕೂಡಲೇ ತಿಳಿಯುತ್ತದೆ. ಬೆರಳಾಡಿಸಿದಂತೆ ಮೂಗು, ಕೈ, ಮೈಮೇಲಿನ ಉಬ್ಬು ಆಭರಣ ಒಂದೊಂದಾಗಿ ಸಿಗುತ್ತವೆ. ಬಣ್ಣ ಮಾತ್ರ ಸಿಗುವುದಿಲ್ಲ. ಕಣ್ಣು ಇಡೀ ಗೊಂಬೆಯನ್ನು ಒಮ್ಮೆಗೇ ಗ್ರಹಿಸಿದರೆ, ಬೆರಳು ಭಾಗಭಾಗವಾಗಿ ಮುಟ್ಟಿ ಮನಸ್ಸಿನಲ್ಲಿ ಜೋಡಿಸುತ್ತದೆ. ಅಂಧರು ವಸ್ತುಗಳನ್ನು ಅರಿಯುವುದು ಹೀಗೆ.

ಕಣ್ಣಿಲ್ಲದವರಿಗೆ ಪ್ರಕೃತಿಯೇ ಚುರುಕು ಕಿವಿ ಕೊಟ್ಟಿರುತ್ತದೆ ಎಂಬ ನಂಬಿಕೆ ನಮ್ಮಲ್ಲಿ ಗಟ್ಟಿಯಾಗಿದೆ. ಇದು ಎಷ್ಟು ನಿಜ?

ಬದಲಾಗುವುದು ಮಿದುಳು

ಕುರುಡುತನದಿಂದ ಕಿವಿಯ ರಚನೆಯಾಗಲಿ ಬೆರಳಿನ ಚರ್ಮವಾಗಲಿ ಬದಲಾಗುವುದಿಲ್ಲ. ಬದಲಾಗುವುದು ಮಿದುಳು. ಚಿಕ್ಕಂದಿನಲ್ಲೇ ದೃಷ್ಟಿ ಕಳೆದುಕೊಂಡವರು ಬ್ರೈಲ್ ಓದುವಾಗ, ಮಿದುಳಿನ ಹಿಂಭಾಗದಲ್ಲಿ ನೋಟಕ್ಕೆ ಮೀಸಲಾದ ಭಾಗವೂ ಕೆಲಸ ಮಾಡುತ್ತದೆಂದು 1996ರ ಅಧ್ಯಯನವೊಂದು ತೋರಿಸಿತು. ಖಾಲಿ ಉಳಿದ ಜಾಗವನ್ನು ಮಿದುಳು ಸ್ಪರ್ಶಕ್ಕೆ ಬಳಸಿಕೊಂಡಿತ್ತು.

ಗೋಡೆ ಹತ್ತಿರವಾದುದು ಹೇಗೆ ಗೊತ್ತಾಗುತ್ತದೆ?

ಮುಖದ ಚರ್ಮಕ್ಕೇ ಅದು ತಿಳಿಯುತ್ತದೆಂದು ಹಿಂದೆ ಭಾವಿಸಲಾಗಿತ್ತು. ಅಮೆರಿಕದ ಕಾರ್ನೆಲ್ ವಿಶ್ವವಿದ್ಯಾಲಯದ ಸಂಶೋಧಕರು ಕಿವಿ ಮುಚ್ಚಿ ಪರೀಕ್ಷಿಸಿದಾಗ ಆ ಶಕ್ತಿ ಮಾಯವಾಯಿತು. ನೆರವಾಗುತ್ತಿದ್ದದ್ದು ಹೆಜ್ಜೆಸಪ್ಪಳದ ಪ್ರತಿಧ್ವನಿ. 1944ರಲ್ಲಿ ಪ್ರಕಟವಾದ ಈ ಪ್ರಯೋಗಗಳಲ್ಲಿ, ಕಣ್ಣಿಗೆ ಬಟ್ಟೆ ಕಟ್ಟಿಕೊಂಡ ದೃಷ್ಟಿಯುಳ್ಳವರೂ ಅಭ್ಯಾಸದಿಂದ ಇದನ್ನು ಕಲಿತರು. ಅಂದರೆ ಇದು ಆರನೆಯ ಇಂದ್ರಿಯವಲ್ಲ, ಕಲಿಕೆ.

ನೋಡುವುದನ್ನೂ ಕಲಿಯಬೇಕು

ಹುಟ್ಟಿನಿಂದ ಕಾಣದ ಮಕ್ಕಳಿಗೆ ಶಸ್ತ್ರಚಿಕಿತ್ಸೆಯಿಂದ ದೃಷ್ಟಿ ಕೊಡಿಸುವ ಯೋಜನೆ ವಿಜ್ಞಾನಿ ಪವನ್ ಸಿನ್ಹಾ ಅವರ 'ಪ್ರಾಜೆಕ್ಟ್ ಪ್ರಕಾಶ್'. ಕೈಯಿಂದ ಮುಟ್ಟಿ ಗುರುತಿಸಿದ ಆಕಾರವನ್ನು ಈ ಮಕ್ಕಳು ಕಣ್ಣು ಬಂದ ಕೂಡಲೇ ನೋಟದಿಂದ ಗುರುತಿಸಲಾಗಲಿಲ್ಲ. ಕೆಲವೇ ದಿನಗಳಲ್ಲಿ ಕಲಿತುಕೊಂಡರು. ಈ ಫಲಿತಾಂಶ 2011ರಲ್ಲಿ ಪ್ರಕಟವಾಯಿತು.

ವರವಲ್ಲ, ಪಾಠ

ಕಿನ್ನಾಳಕ್ಕೆ ದೂರವಲ್ಲದ ಗದಗಿನ ವೀರೇಶ್ವರ ಪುಣ್ಯಾಶ್ರಮವನ್ನೇ ನೋಡಿ. ಹಸುಗೂಸಾಗಿದ್ದಾಗಲೇ ಕಣ್ಣು ಕಳೆದುಕೊಂಡ ಪುಟ್ಟರಾಜ ಗವಾಯಿಗಳು (1914–2010) ಇಲ್ಲಿ, ತಾವೂ ಅಂಧರಾಗಿದ್ದ ಪಂಚಾಕ್ಷರ ಗವಾಯಿಗಳ ಬಳಿ ಸಂಗೀತ ಕಲಿತರು. ಮುಂದೆ ನೂರಾರು ಅಂಧ ಮಕ್ಕಳಿಗೆ ಗುರುವಾದರು. ಅವರ ಸಾಧನೆಯನ್ನು ದೈವದ ವರ ಎಂದಷ್ಟೇ ಹೇಳಿದರೆ ವರ್ಷಗಟ್ಟಲೆಯ ರಿಯಾಜು ಮರೆತುಹೋಗುತ್ತದೆ.

ಈ ನಂಬಿಕೆಯಿಂದ ನಷ್ಟವೂ ಇದೆ. 'ಎಲ್ಲ ತಾನಾಗಿಯೇ ಬರುತ್ತದೆ' ಎಂದು ಮನೆಯಲ್ಲೇ ಕೂರಿಸಿದ ಮಗುವಿಗೆ ಬ್ರೈಲ್ ಬರುವುದಿಲ್ಲ, ಬಿಳಿಕೋಲು ಹಿಡಿದು ನಡೆಯಲೂ ಬರುವುದಿಲ್ಲ. 2016ರ ಅಂಗವಿಕಲರ ಹಕ್ಕುಗಳ ಕಾಯ್ದೆಯಂತೆ ಅಂಧ ಮಕ್ಕಳಿಗೆ 6ರಿಂದ 18 ವರ್ಷದವರೆಗೆ ಉಚಿತ ಶಿಕ್ಷಣದ ಹಕ್ಕಿದೆ. ಮಗುವಿಗೆ ಕಣ್ಣು ಕಾಣದೆಂದು ತಿಳಿದಾಗ ಮೊದಲು ಕಣ್ಣಿನ ವೈದ್ಯರಿಗೆ ತೋರಿಸೋಣ. ಕಾಣುವಂತೆ ಮಾಡಲಾಗದಿದ್ದರೆ ತಡಮಾಡದೆ ಶಾಲೆಗೆ ಸೇರಿಸೋಣ.