ಮೆಂಡೊಸಿನೊದ ಮೇಸನ್ ಭವನ: ಬಡಗಿಯೊಬ್ಬ ಕಟ್ಟಿದ ಚರಿತ್ರೆ

ಅಮೆರಿಕದ ಕ್ಯಾಲಿಫೋರ್ನಿಯಾ ರಾಜ್ಯದ ಉತ್ತರ ಕರಾವಳಿಯಲ್ಲಿರುವ ಮೆಂಡೊಸಿನೊ ತೀರ ಚಿಕ್ಕ ಊರು. 2010ರ ಜನಗಣತಿಯ ಪ್ರಕಾರ ಅಲ್ಲಿದ್ದವರು 894 ಮಂದಿ. ಅಲ್ಲಿನ ಲ್ಯಾನ್ಸಿಂಗ್ ರಸ್ತೆಯಲ್ಲಿ ಫ್ರೀಮೇಸನ್ ಸೋದರ ಸಂಘದ ಸ್ಥಳೀಯ ಶಾಖೆಯಾದ 179ನೇ ಲಾಡ್ಜ್‌ನ ಹಳೆಯ ಭವನವಿದೆ. ಫ್ರೀಮೇಸನ್ನರೆಂದರೆ ಗುಟ್ಟು, ಸಂಕೇತ, ಪಿತೂರಿ ಎಂಬ ಮಾತುಗಳೇ ಮುಂದೆ ಬರುವುದು ವಾಡಿಕೆ. ಈ ಕಟ್ಟಡ ಹೇಳುವ ಕಥೆ ಬೇರೆ. ಅದು ಮರದ, ದುಡಿಮೆಯ ಮತ್ತು ನೆರವಿನ ಕಥೆ.

ಊರು ಹುಟ್ಟಿದ್ದೇ ಒಂದು ಹಡಗು ಒಡೆದದ್ದರಿಂದ. ಮುಂಬಯಿಯಿಂದ ಚೀನಾಕ್ಕೆ ಅಫೀಮು ಸಾಗಿಸಲೆಂದು ಕಟ್ಟಿದ್ದ ‘ಫ್ರಾಲಿಕ್’ ಹಡಗು 1850ರ ಜುಲೈನಲ್ಲಿ ಚೀನೀ ಸರಕು ತುಂಬಿಕೊಂಡು ಸ್ಯಾನ್ ಫ್ರಾನ್ಸಿಸ್ಕೊಗೆ ಹೋಗುವಾಗ ಈ ಕರಾವಳಿಯ ಬಂಡೆಗೆ ಬಡಿಯಿತು. ಮರುವರ್ಷ ಸರಕು ಹುಡುಕಿಕೊಂಡು ಬಂದ ಜೆರೋಮ್ ಫೋರ್ಡ್‌ನ ಕೈಗೆ ಅದು ಸಿಗಲಿಲ್ಲ. ಪೊಮೊ ಮೂಲನಿವಾಸಿಗಳು ಆಗಲೇ ಒಯ್ದಿದ್ದರು. ಆದರೆ ಮುಗಿಲು ಮುಟ್ಟುವ ರೆಡ್‌ವುಡ್ ಕಾಡು ಅವನ ಕಣ್ಣಿಗೆ ಬಿತ್ತು. ಚಿನ್ನದ ಬೇಟೆಯಿಂದ ದಿಢೀರನೆ ಬೆಳೆಯುತ್ತಿದ್ದ ಸ್ಯಾನ್ ಫ್ರಾನ್ಸಿಸ್ಕೊಗೆ ಮರ ಬೇಕಿತ್ತು. 1852ರಲ್ಲಿ ಇಲ್ಲಿ ಮರ ಕೊಯ್ಯುವ ಗಿರಣಿ ತಲೆಯೆತ್ತಿತು.

ದೂರದೂರದಿಂದ ಬಂದ ಕೂಲಿಕಾರರಿಗೆ ಬಂಧುಬಳಗ ಇರಲಿಲ್ಲ. ಮರ ಉರುಳಿ ಸತ್ತರೆ ಪರಿಹಾರವೂ ಇರಲಿಲ್ಲ. ಕಾಯಿಲೆ ಬಿದ್ದವರ ಆರೈಕೆ, ಸತ್ತವರ ಶವಸಂಸ್ಕಾರ, ವಿಧವೆಯರಿಗೆ ನೆರವು ಇವೆಲ್ಲ ಅಂದಿನ ಅಮೆರಿಕದಲ್ಲಿ ಸೋದರ ಸಂಘಗಳ ಹೊಣೆಯಾಗಿದ್ದವು. ಮೇಸನ್ನರ ಜೊತೆಗೆ ಆಡ್ ಫೆಲೋಸ್ ಸಂಘವೂ ಮೆಂಡೊಸಿನೊದಲ್ಲಿ ತನ್ನದೇ ಭವನ ಕಟ್ಟಿಕೊಂಡಿತು. ಈ ಬಳಗಗಳ ಹೊರಗುಳಿದ ಚೀನೀ ವಲಸಿಗರಿಗೆ ಆಲ್ಬಿಯನ್ ರಸ್ತೆಯ ಕ್ವಾನ್ ತಾಯ್ ಗುಡಿ ಆಸರೆಯಾಯಿತು. ಅದೂ ಇಂದಿಗೂ ಉಳಿದಿದೆ.

ಮೇಸನ್ ಭವನದ ಕೆಲಸ ಶುರುವಾದದ್ದು 1866ರಲ್ಲಿ. ಮುಗಿಯಲು ಹಲವು ವರ್ಷ ಹಿಡಿಯಿತು. ಅದರ ಹಿಂದಿದ್ದವನು ಎರಿಕ್ ಆಲ್ಬರ್ಟ್‌ಸನ್. ಕಸುಬಿನಿಂದ ಬಡಗಿಯಾದ ಅವನೇ ಲಾಡ್ಜ್‌ನ ಮೊದಲ ಅಧ್ಯಕ್ಷನೂ ಆಗಿದ್ದ.

ಅವನ ಕೈಚಳಕ ಕಾಣಬೇಕಾದರೆ ಗೋಪುರದ ತುದಿ ನೋಡಬೇಕು. ಅಲ್ಲಿ ಬಿಳಿ ಬಣ್ಣ ಬಳಿದ ಎರಡು ಆಳೆತ್ತರದ ಆಕೃತಿಗಳಿವೆ. ಮುರಿದ ಕಂಬದ ಮುಂದೆ ಒಬ್ಬ ತರುಣಿ ನಿಂತಿದ್ದಾಳೆ. ಅವಳ ಕೈಯಲ್ಲಿ ಅಕೇಶಿಯಾದ ಚಿಗುರು. ಹಿಂದೆ ರೆಕ್ಕೆ ಹೊತ್ತ, ಗಡ್ಡಧಾರಿ ಕಾಲಪುರುಷ ಅವಳ ಕೂದಲಿನ ಎಳೆ ಹಿಡಿದಿದ್ದಾನೆ. ಇಷ್ಟನ್ನೂ ಒಂದೇ ರೆಡ್‌ವುಡ್ ದಿಮ್ಮಿಯಿಂದ ಕಡೆಯಲಾಗಿದೆ. ಬಿಗ್ ರಿವರ್ ದಂಡೆಯ ಗುಡಿಸಲಿನಲ್ಲಿ, ಬಿಡುವಿನ ವೇಳೆಯಲ್ಲಿ ಆಲ್ಬರ್ಟ್‌ಸನ್ ಇದನ್ನು ಕೆತ್ತಿದ ಎಂಬುದು ಊರಿನವರ ಮಾತು.

ಕಲ್ಪನೆ ಮಾತ್ರ ಅವನದಲ್ಲ. ಜೆರೆಮಿ ಕ್ರಾಸ್ 1819ರಲ್ಲಿ ಪ್ರಕಟಿಸಿದ ಮೇಸನ್ ಕೈಪಿಡಿಯಲ್ಲಿ ಈ ಚಿತ್ರವಿತ್ತು. ಅದನ್ನು ಕೊರೆದವನು ಆಮೋಸ್ ಡೂಲಿಟಲ್. ಮೇಸನ್ನರ ಪಾಲಿಗೆ ಮುರಿದ ಕಂಬವೆಂದರೆ ಅರ್ಧಕ್ಕೇ ನಿಂತ ಕೆಲಸ, ಅಕೇಶಿಯಾ ಎಂದರೆ ಅಮರತ್ವ. ಕೂದಲ ಸಿಕ್ಕು ಬಿಡಿಸುವ ಕಾಲಪುರುಷ ತಾಳ್ಮೆಯ ಫಲವನ್ನು ಸೂಚಿಸುತ್ತಾನೆ. ಪುಸ್ತಕದ ಪುಟದಲ್ಲಿದ್ದ ಚಪ್ಪಟೆ ಚಿತ್ರವನ್ನು ನಾಲ್ಕೂ ದಿಕ್ಕಿನಿಂದ ನೋಡಬಹುದಾದ ಮೂರ್ತಿಯಾಗಿಸಿದ್ದು ಬಡಗಿಯ ಸಾಧನೆ. ರೆಡ್‌ವುಡ್ ಉಳಿಗೆ ಸುಲಭವಾಗಿ ಒಗ್ಗುತ್ತದೆ, ಹುಳು ಮತ್ತು ತೇವವನ್ನು ತಡೆಯುತ್ತದೆ. ಕಡಲಿನ ಉಪ್ಪುಗಾಳಿಗೆ ಆ ಶಿಲ್ಪ ಒಂದೂವರೆ ಶತಮಾನ ಎದೆಯೊಡ್ಡಿದ್ದರ ಹಿಂದೆ ಈ ಗುಣವೂ ಇದೆ.

1938ರಲ್ಲಿ ಗಿರಣಿ ಮುಚ್ಚಿ ಊರು ಸೊರಗಿತು. 1959ರಲ್ಲಿ ಬಿಲ್ ಝಾಕಾ ಕಲಾಕೇಂದ್ರ ತೆರೆದ ಮೇಲೆ ಕಲಾವಿದರು ಬಂದರು, ಅವರ ಬೆನ್ನಿಗೆ ಪ್ರವಾಸಿಗರೂ ಬಂದರು. 1971ರಲ್ಲಿ ಊರಿನ ಹಳೆಯ ಭಾಗ ರಾಷ್ಟ್ರೀಯ ಐತಿಹಾಸಿಕ ತಾಣಗಳ ಪಟ್ಟಿಗೆ ಸೇರಿತು. ಮುಂದೆ ಜಿಲ್ಲೆಯ ಉಳಿತಾಯ ಬ್ಯಾಂಕು ಮೇಸನ್ ಭವನಕ್ಕೆ ಬಂತು. ಹೊಸ ಉಪಯೋಗ ಸಿಕ್ಕಿದ್ದರಿಂದ ಕಟ್ಟಡಕ್ಕೆ ಆರೈಕೆಯೂ ಸಿಕ್ಕಿತು.

ಜೆರೋಮ್ ಫೋರ್ಡ್ 1854ರಲ್ಲಿ ಕಟ್ಟಿದ ಮನೆ ಈಗ ವಸ್ತುಸಂಗ್ರಹಾಲಯ. ಗಿರಣಿಯ ಒಡೆಯನಿಗೆ ಸಂದ ಆ ಗೌರವ ಆಲ್ಬರ್ಟ್‌ಸನ್‌ಗೂ ಸಲ್ಲಬೇಕು. ಮೆಂಡೊಸಿನೊದ ಚರಿತ್ರೆ ಬರೆಯುವವರು ಮರ ಮಾರಿದವರಿಗೆ ಕೊಟ್ಟಷ್ಟೇ ಪುಟಗಳನ್ನು ಮರ ಕೆತ್ತಿದವನಿಗೂ ಕೊಡಲಿ.